ಲಿಲಾವು ಆಗಿಹೋದ ಮನೆ, 26 ದಿನಗಳ ಲೆಕ್ಕ

ಪ್ರಶ್ನೆ: ವಕೀಲ ಸಾಹೇಬರಿಗೆ ನಮಸ್ಕಾರ. ನಮ್ಮದು ಬಾಗಲಕೋಟೆ ಜಿಲ್ಲೆಯ ಬನಹಟ್ಟಿ. ಮುಂದೆ ಮನೆ, ಹಿಂದೆ ನಾಲ್ಕು ಪವರ್‌ಲೂಮಿನ ಶೆಡ್ಡು. 2019ರಲ್ಲಿ ತಂದೆಯವರು ಎರಡನ್ನೂ ಒತ್ತೆ ಇಟ್ಟು ಬ್ಯಾಂಕಿನಿಂದ 28 ಲಕ್ಷ ಸಾಲ ತೆಗೆದರು. ನಾನು ಜಾಮೀನು. ಕೊರೊನಾದಲ್ಲಿ ಸೀರೆ ವ್ಯಾಪಾರ ನಿಂತು ಕಂತು ತಪ್ಪಿದವು. 2022ರಲ್ಲಿ ತಂದೆ ತೀರಿಕೊಂಡರು. ಆಮೇಲೆ 60 ದಿನದ ನೋಟಿಸು ಬಂತು. ಒಂದು ತಂದೆಯ ಹೆಸರಿಗೆ, ಒಂದು ನನ್ನ ಹೆಸರಿಗೆ. ಉತ್ತರ ಕೊಡಲಿಲ್ಲ. ಗೋಡೆಗೂ ಒಂದು ನೋಟಿಸು ಅಂಟಿಸಿ ಹೋದರು. ಈ ವರ್ಷ ಜೂನ್ 12ಕ್ಕೆ ಪೇಪರಿನಲ್ಲಿ ಲಿಲಾವಿನ (ಹರಾಜಿನ) ಪ್ರಕಟಣೆ ಬಂತು, ಜುಲೈ 8ಕ್ಕೆ ಲಿಲಾವು ಆಯಿತು. ಬಾಕಿ 36 ಲಕ್ಷ ಅನ್ನುತ್ತಾರೆ. ಒಬ್ಬರೇ ಬಿಡ್ ಹಾಕಿ 40 ಲಕ್ಷ 50 ಸಾವಿರಕ್ಕೆ ಹಿಡಿದಿದ್ದಾರೆ. ಈ ಜಾಗಕ್ಕೆ 65 ಲಕ್ಷಕ್ಕೆ ಕಮ್ಮಿ ಇಲ್ಲ. ಈಗ ನಮ್ಮ ಮಾವ ಪೂರ್ತಿ ಹಣ ಕೊಡಲು ತಯಾರಿದ್ದಾರೆ, ಬ್ಯಾಂಕಿನವರು ಒಲ್ಲೆ ಅನ್ನುತ್ತಾರೆ. ತಂಗಿ ಎಲ್ಲಿಯೂ ಸಹಿ ಮಾಡಿಲ್ಲ. ಶೆಡ್ಡಿನ ಜಾಗ ಉತಾರದಲ್ಲಿ (ಪಹಣಿಯಲ್ಲಿ) ಇನ್ನೂ ಹೊಲ ಅಂತಲೇ ಇದೆ. ಊರಿನ ಕೋರ್ಟಿನಲ್ಲಿ ಸ್ಟೇ ತರಬಹುದೇ?

ಉತ್ತರ: ಕೊನೆಯ ಪ್ರಶ್ನೆಯಿಂದಲೇ ಶುರು ಮಾಡುತ್ತೇನೆ, ದಿನಗಳು ಓಡುತ್ತಿವೆ. ಸ್ಟೇ ಕೇಳಿಕೊಂಡು ಊರಿನ ಸಿವಿಲ್ ಕೋರ್ಟಿಗೆ ಹೋಗಬೇಡಿ. ಬ್ಯಾಂಕು ನಿಮ್ಮ ಮನೆ ಮಾರಿರುವುದು 2002ರ ಸರ್ಫೇಸಿ ಕಾಯ್ದೆಯ ಕೆಳಗೆ, ಅಂದರೆ ಒತ್ತೆ ಆಸ್ತಿಯನ್ನು ಕೋರ್ಟಿಗೆ ಹೋಗದೆ ಬ್ಯಾಂಕೇ ಮಾರಲು ಬಿಡುವ ಕಾಯ್ದೆ. ಆ ಕಾಯ್ದೆಯ 34ನೇ ಕಲಮು ಇಂಥ ತಕರಾರಿಗೆ ಸಿವಿಲ್ ಕೋರ್ಟಿನ ಬಾಗಿಲು ಮುಚ್ಚಿದೆ. ನೀವು ಹೋಗಬೇಕಾದ್ದು ಬೆಂಗಳೂರಿನ ಸಾಲ ವಸೂಲಿ ನ್ಯಾಯಮಂಡಳಿಗೆ, ನಾವು ಡಿಆರ್‌ಟಿ ಅನ್ನುತ್ತೇವಲ್ಲ, ಅಲ್ಲಿಗೆ. ಅರ್ಜಿ 17ನೇ ಕಲಮಿನ ಕೆಳಗೆ. ಬ್ಯಾಂಕು ಕ್ರಮ ತೆಗೆದುಕೊಂಡ ದಿನದಿಂದ 45 ದಿನ ವಾಯಿದೆ. ಜೂನ್ 12ರ ಪ್ರಕಟಣೆಯಿಂದ ಎಣಿಸಿದರೆ ಅದು ಜುಲೈ 27ಕ್ಕೆ ಮುಗಿಯುತ್ತದೆ. ಲಿಲಾವಿನ ದಿನದಿಂದ ಎಣಿಸಬೇಕು ಅಂತ ವಾದ ಮಾಡಲು ಬರುತ್ತದೆ. ಆದರೆ ಆ ವಾದದ ಮೇಲೆ ಮನೆ ಪಣಕ್ಕಿಡಬೇಡಿ. 27ರ ಒಳಗೆ ಅರ್ಜಿ ಬೀಳಲಿ.

ಬೆಂಗಳೂರು ಅಂದ ಕೂಡಲೇ ನಮ್ಮ ಕಡೆಯವರ ಮುಖ ಬಾಡುತ್ತದೆ. ಏನು ಮಾಡೋದು, ಬಾಗಲಕೋಟೆಗೂ ಬೆಳಗಾವಿಗೂ ವಿಜಯಪುರಕ್ಕೂ ಅದೇ ಡಿಆರ್‌ಟಿ. ಈಗ ಅರ್ಜಿಯನ್ನು ಇ-ಫೈಲಿಂಗ್ ಮಾಡಬಹುದು ಅನ್ನುವುದೊಂದೇ ಸಮಾಧಾನ. ಶುಲ್ಕ ಬಾಕಿಯ ಮೇಲೆ. 10 ಲಕ್ಷದವರೆಗಿನದಕ್ಕೆ 5,000 ರೂಪಾಯಿ, ಅದರ ಮೇಲಿನ ಪ್ರತಿ ಲಕ್ಷಕ್ಕೆ 250. ನಿಮ್ಮ 36 ಲಕ್ಷಕ್ಕೆ 11,500 ಆಗುತ್ತದೆ. ಬ್ಯಾಂಕು ಮೊದಲೇ ಕೇವಿಯಟ್ ಹಾಕಿರಬಹುದು. ಹಾಕಿದ್ದರೆ ಅವರಿಗೆ ತಿಳಿಸದೆ ಮಧ್ಯಂತರ ಆದೇಶ ಸಿಗುವುದಿಲ್ಲ, ಆದ್ದರಿಂದ ಕೊನೆಯ ದಿನ ಓಡಿದರೆ ಕೆಲಸ ಕೆಡುತ್ತದೆ. ಇನ್ನು ಹೈಕೋರ್ಟಿನ ಧಾರವಾಡ ಪೀಠಕ್ಕೆ ರಿಟ್ ಹಾಕಿದರೆ ಹೇಗೆ ಅಂತ ಕೇಳುವವರು ಬಹಳ. ವಿಜಯಪುರದವರಾದರೆ ಕಲಬುರಗಿ ಪೀಠ. 2010ರಿಂದ ಸುಪ್ರೀಂ ಕೋರ್ಟು ಒಂದೇ ಮಾತು ಹೇಳುತ್ತಾ ಬಂದಿದೆ: ಡಿಆರ್‌ಟಿ ದಾರಿ ಇರುವಾಗ ಹೈಕೋರ್ಟುಗಳು ಇದರಲ್ಲಿ ಕೈ ಹಾಕಬಾರದು. ರಿಟ್ ಹಾಕಿ, ಮೂರು ವಾರ ಕಳೆದು, 'ಡಿಆರ್‌ಟಿಗೆ ಹೋಗಿ' ಅನ್ನಿಸಿಕೊಂಡು ಬರುವುದಕ್ಕೆ ನಿಮ್ಮ ಬಳಿ ಮೂರು ವಾರ ಇಲ್ಲ.

ಈಗ ನಿಜವಾದ ವಿಷಯ. ಲಿಲಾವಿನ ಕೇಸಿನಲ್ಲಿ ನ್ಯಾಯಮಂಡಳಿ ನಿಮ್ಮ ಕಷ್ಟ ಕೇಳುವುದಿಲ್ಲ, ಬ್ಯಾಂಕಿನ ತಾರೀಖು ಕೇಳುತ್ತದೆ. ಮಗ್ಗ ನಿಂತದ್ದು, ತಂದೆ ತೀರಿಕೊಂಡದ್ದು, ಎಲ್ಲಾ ನಿಜ. ಆದರೆ ಅದರಿಂದ ಲಿಲಾವು ಬೀಳುವುದಿಲ್ಲ. ಬ್ಯಾಂಕು ಒಂದು ಮೆಟ್ಟಿಲು ಬಿಟ್ಟು ಮುಂದಿನದಕ್ಕೆ ಹಾರಿದ್ದರೆ ಮಾತ್ರ ಬೀಳುತ್ತದೆ. ಹಾರಿತೋ ಇಲ್ಲವೋ ಅನ್ನುವುದು ಕಾಗದದಲ್ಲೇ ಇರುತ್ತದೆ. ನನ್ನ ಕಚೇರಿಗೆ ಬರುವವರು ಕಾಗದವನ್ನೆಲ್ಲ ಒಂದು ಕ್ಯಾರಿಬ್ಯಾಗಿನಲ್ಲಿ ತುರುಕಿಕೊಂಡು ಬರುತ್ತಾರೆ. ನಾನು ಮೊದಲು ಮಾಡುವ ಕೆಲಸ ಅದನ್ನು ಜಮಖಾನದ ಮೇಲೆ ಸುರಿಯುವುದು. ಆಮೇಲೆ ತಾರೀಖಿನ ಪ್ರಕಾರ ಸಾಲಾಗಿ ಇಡುವುದು.

ಕೆಲವು ವರ್ಷದ ಹಿಂದೆ ಗುಳೇದಗುಡ್ಡದ ಕಡೆಯ ಒಬ್ಬ ಅಜ್ಜಿ ಹಾಗೇ ಒಂದು ಚೀಲ ತಂದಿದ್ದರು. ನೋಟಿಸಿನ ಜೊತೆ ಅದು ಬಂದ ಲಕೋಟೆಯನ್ನೂ ಎಸೆಯದೆ ಇಟ್ಟಿದ್ದರು, ಅದರೊಳಗೆ ಪಾತ್ರೆ ಅಂಗಡಿಯ ಚೀಟಿ ಹಾಕಿಡಲು. ನೋಟಿಸಿನ ಮೇಲೆ ತಿಂಗಳ 3ನೇ ತಾರೀಖು ಟೈಪಾಗಿತ್ತು. ಲಕೋಟೆಯ ಮೇಲಿನ ಅಂಚೆ ಮುದ್ರೆ 12ನೇ ತಾರೀಖಿನದು. ಕಾಗದದಲ್ಲಿ 30 ದಿನ ಇದ್ದ ಲೆಕ್ಕ ಅಲ್ಲಿಗೆ 21ಕ್ಕೆ ಇಳಿಯಿತು. ಬ್ಯಾಂಕಿನ ವಕೀಲರು ಆ ಲಕೋಟೆಯನ್ನು ತಿರುಗಿಸಿ ಮುರುಗಿಸಿ ನೋಡಿದ್ದು ಇನ್ನೂ ಕಣ್ಣಿಗೆ ಕಟ್ಟಿದಂತಿದೆ.

ನಿಮ್ಮ ಕಾಗದಗಳನ್ನೂ ಹಾಗೇ ಜೋಡಿಸೋಣ. ಮೊದಲನೆಯದು 13(2)ನೇ ಕಲಮಿನ ನೋಟಿಸು: 60 ದಿನದಲ್ಲಿ ಪೂರ್ತಿ ಕಟ್ಟಿ ಅನ್ನುವುದು. ಅದಕ್ಕೆ ನೀವು ಆಕ್ಷೇಪಣೆ ಬರೆದಿದ್ದರೆ ಬ್ಯಾಂಕು 15 ದಿನದೊಳಗೆ ಕಾರಣ ಸಮೇತ ಉತ್ತರ ಕೊಡಬೇಕಿತ್ತು. ಆ ಉತ್ತರ ಬಾರದಿದ್ದರೆ ಅದೇ ನಿಮಗೊಂದು ಆಯುಧ ಆಗುತ್ತಿತ್ತು. ನೀವು ಬರೆಯಲಿಲ್ಲ, ಆ ಬಾಣ ಹೋಯಿತು. (ಓದುವ ಉಳಿದವರಿಗೆ: ದಯವಿಟ್ಟು ಆ ನೋಟಿಸಿಗೆ ಉತ್ತರ ಬರೆಯಿರಿ. ಎರಡು ಪುಟ ಸಾಕು, ರಿಜಿಸ್ಟರ್ಡ್ ಪೋಸ್ಟಿನಲ್ಲಿ.) ಎರಡನೆಯದು ಗೋಡೆಗೆ ಅಂಟಿಸಿದ್ದು, ಸಾಂಕೇತಿಕ ಸ್ವಾಧೀನದ ನೋಟಿಸು: ಜಾಗ ಕಾಗದದ ಮೇಲೆ ಬ್ಯಾಂಕಿನ ವಶಕ್ಕೆ ಬಂತು ಅನ್ನುವುದು. ಅದನ್ನು ಏಳು ದಿನದೊಳಗೆ ಎರಡು ಪತ್ರಿಕೆಯಲ್ಲಿ ಹಾಕಿಸಬೇಕು. ಅವುಗಳಲ್ಲಿ ಒಂದು ಸ್ಥಳೀಯ ಭಾಷೆಯದ್ದು, ಎರಡೂ ಆ ಭಾಗದಲ್ಲಿ ಓದುವಂಥವು ಆಗಿರಬೇಕು. ಕನ್ನಡ ಪತ್ರಿಕೆಯ ಯಾವ ಆವೃತ್ತಿಯಲ್ಲಿ ಬಂತು ನೋಡಿ. ಬನಹಟ್ಟಿಯ ಮನೆಯ ನೋಟಿಸು ಮೈಸೂರು ಆವೃತ್ತಿಯಲ್ಲಿ ಬಂದಿದ್ದರೆ ಅದನ್ನು ಬರೆದಿಟ್ಟುಕೊಳ್ಳಿ.

ಮೂರನೆಯದು ಲಿಲಾವಿನ ನೋಟಿಸು. ನಿಮ್ಮ ಕೇಸಿನ ಜೀವ ಇಲ್ಲಿದೆ ಅಂತ ನನಗನ್ನಿಸುತ್ತದೆ. ಸರ್ಫೇಸಿ ಕಾಯ್ದೆಯ ಕೆಳಗಿನ ನಿಯಮ 8(6) ಮತ್ತು 9(1) ಹೇಳುವುದು ಇಷ್ಟು: ಸಾಲಗಾರರಿಗೆ ಕನಿಷ್ಠ 30 ದಿನದ ನೋಟಿಸು ಕೊಡಬೇಕು, ಪತ್ರಿಕೆಯಲ್ಲಿ ಪ್ರಕಟಿಸಿ 30 ದಿನ ಕಳೆಯುವವರೆಗೆ ಮಾರುವಂತಿಲ್ಲ. ಜಾಮೀನುದಾರರೂ ಈ ಕಾಯ್ದೆಯಲ್ಲಿ 'ಸಾಲಗಾರ'ರೇ. ಜೂನ್ 12ರಿಂದ ಜುಲೈ 8ಕ್ಕೆ ಬೆರಳು ಮಡಚಿ ಎಣಿಸಿ. 26 ದಿನ. ಈ 30 ದಿನ ಬ್ಯಾಂಕಿನ ಮರ್ಜಿ ಅಲ್ಲ, ಕಡ್ಡಾಯ ಅಂತ ಸುಪ್ರೀಂ ಕೋರ್ಟು 2014ರಲ್ಲೇ ಹೇಳಿದೆ.

ಹಾಗಂತ ಪೇಡಾ ಹಂಚಬೇಡಿ. ಇದರಲ್ಲೊಂದು ಗಂಟು ಇದೆ. ಮೊದಲ ಸಲದ ಲಿಲಾವು ಸೋತು ಮತ್ತೆ ನಡೆಸಬೇಕಾದರೆ 30ರ ಬದಲು 15 ದಿನ ಸಾಕು ಅನ್ನುತ್ತದೆ ಅದೇ 9(1). ಬ್ಯಾಂಕು ನಿಶ್ಚಿತವಾಗಿ ಇದನ್ನೇ ಹೇಳುತ್ತದೆ: 'ಇದು ಎರಡನೇ ಲಿಲಾವು, 26 ದಿನ ಸಾಕಷ್ಟಾಯಿತು.' ಆಗ ಕೇಳಬೇಕಾದ ಪ್ರಶ್ನೆ ಒಂದೇ. ಮೊದಲ ಲಿಲಾವು ನಿಜವಾಗಿ ನಡೆದು, ಬಿಡ್ ಬಾರದೆ ಸೋತಿತೋ? ಅಥವಾ ನಡೆಯುವ ಮೊದಲೇ ಬ್ಯಾಂಕು ಹಿಂತೆಗೆದುಕೊಂಡಿತೋ? ಸೋತ ಲಿಲಾವಿಗೆ 15 ದಿನದ ರಿಯಾಯಿತಿ ಇದೆ. ನಡೆಯದೇ ಇದ್ದ ಲಿಲಾವಿಗೆ ಆ ರಿಯಾಯಿತಿ ಎಲ್ಲಿಂದ ಬರಬೇಕು? ಹಾಗಾಗಿ ಹಳೆಯ ಪೇಪರು ಹುಡುಕಿ. ಸರ್ಕಾರಿ ಬ್ಯಾಂಕಾದರೆ ಲಿಲಾವುಗಳು ಈಗ ಬ್ಯಾಂಕ್‌ನೆಟ್ ತಾಣದಲ್ಲಿ ಬರುತ್ತವೆ, ಅಲ್ಲಿಯೂ ನೋಡಿ. ನಿಮ್ಮ ಪ್ರಶ್ನೆಯಲ್ಲಿ ಹಿಂದಿನ ಲಿಲಾವಿನ ಮಾತೇ ಇಲ್ಲ. ಇಲ್ಲದೇ ಇದ್ದರೆ, ಈ ನಾಲ್ಕು ದಿನದ ಕೊರತೆ ನಿಮ್ಮ ಅರ್ಜಿಯ ಮೊದಲ ಪ್ಯಾರಾ ಆಗಲಿ.

ಇಲ್ಲಿ ನಮ್ಮ ಪಕ್ಕದ ವಿಜಯಪುರದ ಒಂದು ಕೇಸು ನೆನಪಾಗುತ್ತದೆ. ಶ್ರೀ ಸಿದ್ಧೇಶ್ವರ ಸಹಕಾರಿ ಬ್ಯಾಂಕಿನದು, 2013ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನ ಆಯಿತು. ಲಿಲಾವಿನಲ್ಲಿ ಹಿಡಿದವರು ವೇಳೆಗೆ ಸರಿಯಾಗಿ ಹಣ ಕಟ್ಟಿರಲಿಲ್ಲ. ನಿಯಮ ಮುರಿದಿದೆ, ಮಾರಾಟ ರದ್ದಾಗಲಿ ಅಂತ ಸಾಲಗಾರರ ವಾದ. ಕೋರ್ಟು ಹೇಳಿತು: ಹೌದು, ನಿಯಮ ಕಡ್ಡಾಯವೇ. ಆದರೆ ಅದು ಇರುವುದು ಸಾಲಗಾರರ ಒಳಿತಿಗೆ. ತಮ್ಮ ಒಳಿತಿನ ನಿಯಮವನ್ನು ತಾವೇ ಬಿಟ್ಟುಕೊಡಬಹುದು, ತಮ್ಮ ನಡತೆಯಿಂದ ಅವರು ಬಿಟ್ಟುಕೊಟ್ಟಿದ್ದಾರೆ. ಬ್ಯಾಂಕು ಗೆದ್ದಿತು. ಇದನ್ನು ಯಾಕೆ ಹೇಳಿದೆ ಅಂದರೆ, ಈಗ ಬ್ಯಾಂಕಿನವರು ನಿಮ್ಮನ್ನು ಕರೆದು ಸಿಹಿಯಾಗಿ ಮಾತಾಡಬಹುದು. 'ನಮ್ಮ ತಕರಾರಿಲ್ಲ ಅಂತ ಸುಮ್ನೆ ಒಂದು ಚೀಟಿ ಬರೆದುಕೊಡಿ, ಉಳಿದ ಹಣ ಬೇಗ ಕೊಡಿಸ್ತೀವಿ' ಅನ್ನಬಹುದು. ಆ ಚೀಟಿ ಸುಮ್ನೆ ಅಲ್ಲ. 26 ದಿನದ ಲೆಕ್ಕ ಆ ಚೀಟಿಯಲ್ಲೇ ಮುಳುಗಿಹೋಗುತ್ತದೆ. ಏನನ್ನೂ ಬರೆದುಕೊಡಬೇಡಿ.

ತಂದೆಯವರ ಹೆಸರಿಗೆ ಬಂದ ನೋಟಿಸಿನ ವಿಷಯ. ಸತ್ತವರ ಹೆಸರಿಗೆ ಕೊಟ್ಟ ನೋಟಿಸು ನೋಟಿಸೇ ಅಲ್ಲ, ವಾರಸುದಾರರಿಗೆ ಕೊಡಬೇಕಿತ್ತು ಅನ್ನುವ ವಾದ ಗಟ್ಟಿಯಾದದ್ದು. ಆದರೆ ನಿಮ್ಮ ಬಾಯಲ್ಲಿ ಅದು ಅರ್ಧ ಮಾತ್ರ ಗಟ್ಟಿ, ಯಾಕೆಂದರೆ ನಿಮ್ಮ ಹೆಸರಿಗೆ ಬೇರೆ ನೋಟಿಸು ಬಂದಿದೆ. ನೀವು ಜಾಮೀನುದಾರರೂ ಹೌದು, ಮಗನೂ ಹೌದು. 'ಮನೆಯವರಿಗೆ ಗೊತ್ತೇ ಇರಲಿಲ್ಲ' ಅಂದರೆ ಯಾರೂ ನಂಬುವುದಿಲ್ಲ. ಈ ವಾದ ತಾಯಿಯವರು, ತಂಗಿ ಎತ್ತಿದರೆ ತೂಕ ಬೇರೆ. ಅವರಿಗೆ ಯಾವ ನೋಟಿಸೂ ಬಂದಿಲ್ಲವಲ್ಲ. ಆದ್ದರಿಂದ ಅರ್ಜಿಯಲ್ಲಿ ಅವರಿಬ್ಬರನ್ನೂ ಸೇರಿಸಿ. ಇನ್ನೊಂದು ಮಾತು: ತಂದೆ ತೀರಿಕೊಂಡದ್ದನ್ನು ಬ್ಯಾಂಕಿಗೆ ತಿಳಿಸಿದ್ದಿರಾ? ಮರಣ ಪ್ರಮಾಣಪತ್ರ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಂಡ ಝೆರಾಕ್ಸ್ ಸಿಕ್ಕರೆ ಚಿನ್ನ. ತಿಳಿಸದೇ ಇದ್ದರೆ 'ನಮಗೇನು ಕನಸು ಬಿದ್ದಿತ್ತೇ' ಅಂತ ಬ್ಯಾಂಕು ಕೇಳುತ್ತದೆ, ಅದೂ ನ್ಯಾಯವೇ.

ಈಗ ಬೆಲೆ. 65 ಲಕ್ಷದ ಆಸ್ತಿ 40ಕ್ಕೆ ಹೋಯಿತು ಅನ್ನುವ ಸಂಕಟ ಅರ್ಥ ಆಗುತ್ತದೆ. ಆದರೆ ಬರೀ 'ಕಮ್ಮಿಗೆ ಹೋಯಿತು' ಅಂದರೆ ಲಿಲಾವು ರದ್ದಾಗುವುದಿಲ್ಲ. ಒಬ್ಬರೇ ಬಿಡ್ ಹಾಕಿದರು ಅನ್ನುವುದರಿಂದಲೂ ಇಲ್ಲ, ಮೂಲಬೆಲೆಗೆ (ಇದಕ್ಕಿಂತ ಕೆಳಗೆ ಮಾರುವುದಿಲ್ಲ ಅಂತ ಬ್ಯಾಂಕು ಇಟ್ಟ ಬೆಲೆಗೆ) ಕಮ್ಮಿ ಆಗದಿದ್ದರೆ ಆಯಿತು. ಲಿಲಾವಿನ ಬೆಲೆ ಪೇಟೆ ಬೆಲೆಗಿಂತ ಯಾವಾಗಲೂ ಕೆಳಗೇ. ಒಳಗೆ ಜನ ಕೂತಿರುವ, ವ್ಯಾಜ್ಯ ಇರುವ ಮನೆಗೆ ಪೂರ್ತಿ ಬೆಲೆ ಕೊಟ್ಟು ಯಾರು ಬರುತ್ತಾರೆ, ಅಲ್ವಾ? ಹಿಡಿಯಬೇಕಾದದ್ದು ಮೂಲಬೆಲೆ ಹೇಗೆ ಕಟ್ಟಿದರು ಅನ್ನುವುದನ್ನು. ನಿಯಮ 8(5)ರ ಪ್ರಕಾರ ಮಾರುವ ಮೊದಲು ಅಂಗೀಕೃತ ಮೌಲ್ಯಮಾಪಕರಿಂದ ಬೆಲೆ ಕಟ್ಟಿಸಬೇಕು. ಆ ವರದಿ ಯಾವ ತಾರೀಖಿನದು? ಮೌಲ್ಯಮಾಪಕರು ಶೆಡ್ಡಿನೊಳಗೆ ಕಾಲಿಟ್ಟಿದ್ದರೇ, ರಸ್ತೆಯಲ್ಲಿ ನಿಂತು ಫೋಟೊ ತೆಗೆದು ಹೋದರೇ? ಇದಕ್ಕಿಂತ ಒಳ್ಳೆಯ ಸಾಕ್ಷಿ ಇನ್ನೊಂದಿದೆ. 2019ರಲ್ಲಿ ಸಾಲ ಕೊಡುವಾಗಲೂ ಇದೇ ಬ್ಯಾಂಕು ಇದೇ ಜಾಗಕ್ಕೆ ಬೆಲೆ ಕಟ್ಟಿಸಿತ್ತು. ಸಾಲದ ಫೈಲಿನಲ್ಲಿ ಆ ವರದಿ ಇರುತ್ತದೆ. ಉದಾಹರಣೆಗೆ, ಅವತ್ತು 50 ಲಕ್ಷ ಬಾಳುತ್ತಿದ್ದದ್ದು ಇವತ್ತು 40ಕ್ಕೆ ಹೇಗೆ ಇಳಿಯಿತು ಅಂತ ಬ್ಯಾಂಕಿನ ಕಾಗದದಿಂದಲೇ ಬ್ಯಾಂಕನ್ನು ಕೇಳಿದರೆ ಉತ್ತರ ಕಷ್ಟ. ಜೊತೆಗೆ ಉಪನೋಂದಣಿ ಕಚೇರಿಯಿಂದ ಮಾರ್ಗಸೂಚಿ ದರ ತೆಗೆಸಿ. 2023ರ ಅಕ್ಟೋಬರಿನಲ್ಲಿ ರಾಜ್ಯದ ತುಂಬಾ ಅದು ಏರಿದೆ.

ಮಾವನವರ ಹಣದ ಬಗ್ಗೆ ಕೇಳಿದ್ದೀರಿ. ಇದಕ್ಕೆ ಉತ್ತರ ಕಹಿ. ಒತ್ತೆ ಬಿಡಿಸಿಕೊಳ್ಳುವ ಹಕ್ಕು ಮಾರಾಟ ಮುಗಿಯುವವರೆಗೂ ಇರುತ್ತದೆ ಅಂತ ಹಿರಿಯರು ಹೇಳುತ್ತಾರೆ, ಹಳೆಯ ಕಾಲಕ್ಕೆ ಅದು ಸರಿ. 2016ರ ಸೆಪ್ಟೆಂಬರಿನಿಂದ 13(8)ನೇ ಕಲಮು ಬದಲಾಗಿದೆ. ಈಗ ಲಿಲಾವಿನ ಪ್ರಕಟಣೆ ಹೊರಬೀಳುವ ಮೊದಲು ಪೂರ್ತಿ ಬಾಕಿ ಮತ್ತು ಖರ್ಚು ತಂದರೆ ಮಾತ್ರ ಬ್ಯಾಂಕು ನಿಲ್ಲಿಸಲೇಬೇಕು. ಪ್ರಕಟಣೆ ಬಂತೋ, ಆ ಹಕ್ಕು ಮುಗಿಯಿತು. 2023ರ ಸೆಪ್ಟೆಂಬರಿನಲ್ಲಿ ಸೆಲಿರ್ ಮತ್ತು ಬಾಫ್ನಾ ಮೋಟರ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಖಡಾಖಂಡಿತವಾಗಿ ಹೇಳಿತು. ಅಲ್ಲಿ ಲಿಲಾವಿನ ನಂತರ ಸಾಲಗಾರರು ಪೂರ್ತಿ ಹಣ ಕಟ್ಟಲು ಹೈಕೋರ್ಟು ಬಿಟ್ಟಿತ್ತು. ಸುಪ್ರೀಂ ಕೋರ್ಟು ಅದನ್ನು ತಿರುಗಿಸಿ ಆಸ್ತಿಯನ್ನು ಲಿಲಾವಿನಲ್ಲಿ ಹಿಡಿದವರಿಗೇ ಕೊಡಿಸಿತು. ನಿಮ್ಮ ಮಾವ ಜೂನ್ 11ಕ್ಕೆ ಹಣ ತಂದಿದ್ದರೆ ಈ ಪತ್ರ ಬರೆಯುವ ಪ್ರಸಂಗವೇ ಬರುತ್ತಿರಲಿಲ್ಲ. ಬೇಜಾರು ಮಾಡಿಕೊಳ್ಳಬೇಡಿ, ಇದನ್ನು ಓದುವ ಇನ್ನೊಬ್ಬರಾದರೂ ಆ ದಿನ ತಪ್ಪಿಸಿಕೊಳ್ಳಬಾರದು ಅಂತ ಬರೆಯುತ್ತಿದ್ದೇನೆ.

ಹಾಗಂತ ಆ ಹಣ ಈಗ ದಂಡವಲ್ಲ. ಡಿಆರ್‌ಟಿಯಲ್ಲಿ ತಡೆಯಾಜ್ಞೆ ಕೇಳಿದರೆ ಸಾಮಾನ್ಯವಾಗಿ 'ಇಷ್ಟು ಕಟ್ಟಿ, ಆಮೇಲೆ ನೋಡೋಣ' ಅನ್ನುತ್ತಾರೆ. ಬರಿಗೈಯಲ್ಲಿ ನಿಂತವನ ಮಾತಿಗೂ, ಡಿಡಿ ಹಿಡಿದು ನಿಂತವನ ಮಾತಿಗೂ ವ್ಯತ್ಯಾಸ ಇದೆ. 26 ದಿನದ ತಪ್ಪನ್ನು ತೋರಿಸಿ, ಜೊತೆಗೆ ಪೂರ್ತಿ ಬಾಕಿ ಕಟ್ಟಲು ಸಿದ್ಧ ಅಂದರೆ ನಿಮ್ಮ ಅರ್ಜಿಗೆ ಬೆನ್ನೆಲುಬು ಬರುತ್ತದೆ. ಅಲ್ಲಿ ಸೋತರೆ ಮೇಲ್ಮನವಿ ಚೆನ್ನೈನಲ್ಲಿ, 30 ದಿನದೊಳಗೆ. ಬಾಕಿಯ ಅರ್ಧ ಕಟ್ಟಿದರೆ ಮಾತ್ರ ಅದು ದಾಖಲಾಗುತ್ತದೆ. ಮೇಲ್ಮನವಿ ಮಂಡಳಿ ಮನಸ್ಸು ಮಾಡಿದರೆ ಅದನ್ನು ಕಾಲು ಭಾಗಕ್ಕೆ ಇಳಿಸಬಹುದು, ಅದಕ್ಕಿಂತ ಕೆಳಗೆ ಇಳಿಸುವಂತಿಲ್ಲ. ನಿಮ್ಮ ಲೆಕ್ಕದಲ್ಲಿ 18 ಲಕ್ಷ ಅಥವಾ 9 ಲಕ್ಷ. ಆದ್ದರಿಂದ ಮಾವನವರಿಗೆ ಹೇಳಿ, ಆ ಹಣವನ್ನು ಬೇರೆ ಎಲ್ಲೂ ತೊಡಗಿಸುವುದು ಬೇಡ.

ಇನ್ನೊಂದು ಕಿಂಡಿ ಇದೆ. ಲಿಲಾವು ಹಿಡಿದವರು ಅದೇ ದಿನ, ತಪ್ಪಿದರೆ ಮುಂದಿನ ಕೆಲಸದ ದಿನದೊಳಗೆ 25 ಪರ್ಸೆಂಟ್ ಕಟ್ಟಬೇಕು. ನಿಮ್ಮಲ್ಲಿ ಅದು 10,12,500 ರೂಪಾಯಿ. ಉಳಿದ 30,37,500 ಮಾರಾಟ ಖಾಯಂ ಆದ 15 ದಿನದೊಳಗೆ. ಬರವಣಿಗೆಯಲ್ಲಿ ವಾಯಿದೆ ವಿಸ್ತರಿಸಿಕೊಂಡರೂ ಒಟ್ಟು ಮೂರು ತಿಂಗಳು ದಾಟುವಂತಿಲ್ಲ. ಕಟ್ಟದಿದ್ದರೆ ಕಟ್ಟಿದ್ದೂ ಹೋಗುತ್ತದೆ, ಆಸ್ತಿಯನ್ನು ಮತ್ತೆ ಮಾರಬೇಕು. ಮತ್ತೆ ಮಾರಲು ಮತ್ತೆ ಪ್ರಕಟಣೆ ಬೇಕು. ಆ ಪ್ರಕಟಣೆಗೆ ಮೊದಲು ಪೂರ್ತಿ ಹಣ ಹಿಡಿದು ಹೋದರೆ ಬ್ಯಾಂಕಿಗೂ ಬೇಡ ಅನ್ನಲು ಕಾರಣ ಉಳಿಯುವುದಿಲ್ಲ. ಹಾಗಾಗಿ ಎದುರಿನವರು ಹಣ ಕಟ್ಟಿದರೋ ಇಲ್ಲವೋ ಅಂತ ಬ್ಯಾಂಕಿಗೆ ಬರವಣಿಗೆಯಲ್ಲೇ ಕೇಳಿ. ತಾರೀಖು ಸಮೇತ ಕೇಳಿ.

ಲಿಲಾವಿನಲ್ಲಿ ಕಮ್ಮಿಗೆ ಆಸ್ತಿ ಸಿಗುತ್ತದೆ ಅಂತ ಆಸೆಪಟ್ಟು ಜಮಖಂಡಿ, ಮುಧೋಳ, ಗೋಕಾಕದಿಂದ ನನಗೆ ಫೋನ್ ಮಾಡುವವರೂ ಜಾಸ್ತಿ. ಅವರಿಗೂ ಒಂದು ಮಾತು. 2024ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟಿನ ಮುಂದಿದ್ದ ಕೇಸಿನಲ್ಲಿ ಒಬ್ಬರು 12.27 ಕೋಟಿಗೆ ಆಸ್ತಿ ಹಿಡಿದು, 3.06 ಕೋಟಿ ಕಟ್ಟಿ, ಬಾಕಿ ಹೊಂದಿಸಲಾಗಲಿಲ್ಲ. ಬ್ಯಾಂಕು ಅದೇ ಆಸ್ತಿಯನ್ನು ಆಮೇಲೆ 14.76 ಕೋಟಿಗೆ ಮಾರಿತು. ಅಂದರೆ ಬ್ಯಾಂಕಿಗೆ ನಷ್ಟವೇ ಆಗಲಿಲ್ಲ. ಆದರೂ ಆ 3.06 ಕೋಟಿ ವಾಪಸ್ ಇಲ್ಲ ಅಂತಲೇ ತೀರ್ಪಾಯಿತು. ಕೈಯಲ್ಲಿ ಪೂರ್ತಿ ಹಣ ಇಲ್ಲದೆ, ಸಾಲ ಮಂಜೂರಾಗುತ್ತದೆ ಅನ್ನುವ ನಂಬಿಕೆಯ ಮೇಲೆ ಬಿಡ್ ಹಾಕಬೇಡಿ.

ತಂಗಿಯ ಪಾಲು. ಇಲ್ಲಿ ಮೊದಲು ಹೇಳಬೇಕಾದದ್ದು: ಮನೆ ಯಾರು ಮಾಡಿದ್ದು? ತಂದೆ ಸ್ವಂತ ದುಡಿಮೆಯಿಂದ ಕೊಂಡಿದ್ದರೆ, ಅವರು ಬದುಕಿದ್ದಾಗ ತಂಗಿಗೂ ನಿಮಗೂ ಅದರಲ್ಲಿ ಪಾಲಿರಲಿಲ್ಲ. ಒತ್ತೆ ಇಡಲು ಯಾರ ಸಹಿಯೂ ಬೇಕಿರಲಿಲ್ಲ. ಅವರು ತೀರಿದ ಮೇಲೆ ನಿಮಗೆಲ್ಲ ಬಂದದ್ದು ಸಾಲದ ಭಾರ ಹೊತ್ತ ಮನೆ. ಅಜ್ಜನಿಂದ ಇಳಿದು ಬಂದದ್ದಾದರೆ ಬೇರೆ ಮಾತು. 2005ರ ತಿದ್ದುಪಡಿಯ ಮೇಲೆ, 2020ರ ಆಗಸ್ಟಿನ ಸುಪ್ರೀಂ ಕೋರ್ಟು ತೀರ್ಪಿನ ಮೇಲೆ, ಮಗಳಿಗೂ ಹುಟ್ಟಿನಿಂದಲೇ ಹಕ್ಕು. ತನ್ನ ಹಕ್ಕು ಯಾವುದು ಅಂತ ತೀರ್ಮಾನಿಸಿಕೊಳ್ಳಲು ಸಾಲಕ್ಕೆ ಸಂಬಂಧ ಇಲ್ಲದ ಮೂರನೆಯವರು ಸಿವಿಲ್ ಕೋರ್ಟಿಗೆ ಹೋಗಬಹುದು ಅಂತ 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಆದರೆ ಮನೆತನದ ಉದ್ಯೋಗಕ್ಕೆ ಯಜಮಾನ ಮಾಡಿದ ಸಾಲ ಎಲ್ಲರ ಪಾಲಿಗೂ ಅಂಟುತ್ತದೆ ಅನ್ನುವುದು ಹಿಂದೂ ಕಾನೂನಿನ ಹಳೆಯ ಸೂತ್ರ. ಮಗ್ಗದ ಸಾಲ ಅದಕ್ಕೆ ಸರಿಯಾಗಿ ಹೊಂದುತ್ತದೆ. ಅದಲ್ಲದೆ, ಐದಾರು ವರ್ಷ ಸುಮ್ಮನಿದ್ದು ಲಿಲಾವು ಆದ ವಾರ ಅಣ್ಣ ತಂಗಿ ಪಾಲಿನ ದಾವೆ ಹಾಕಿದರೆ ನ್ಯಾಯಾಧೀಶರು ಕನ್ನಡಕದ ಮೇಲಿಂದ ನೋಡುತ್ತಾರೆ. ಇಂಥ ದಾವೆಗಳನ್ನು ಅವರು ಸಾಕಷ್ಟು ಕಂಡಿದ್ದಾರೆ. ನಾನಾದರೆ ಇದನ್ನು ಮುಂದೆ ಮಾಡುವುದಿಲ್ಲ.

ಉತಾರದಲ್ಲಿ ಹೊಲ ಅಂತಿದೆ ಅನ್ನುವ ವಾದ ಬಹಳ ಜನ ತರುತ್ತಾರೆ. ಕೃಷಿ ಜಮೀನಿನ ಮೇಲೆ ಈ ಕಾಯ್ದೆ ನಡೆಯುವುದಿಲ್ಲ, 31ನೇ ಕಲಮಿನಲ್ಲಿ ಅದು ನಿಜವೇ. ಆದರೆ ಉತಾರದ ಒಂದು ಸಾಲು ಸಾಕಾಗುವುದಿಲ್ಲ. ಒತ್ತೆ ಇಟ್ಟಾಗ ಅಲ್ಲಿ ನಿಜವಾಗಿ ಸಾಗುವಳಿ ಇತ್ತು ಅಂತ ಸಾಲಗಾರರೇ ತೋರಿಸಬೇಕು ಅಂತ ಸುಪ್ರೀಂ ಕೋರ್ಟು 2023ರಲ್ಲಿ ಹೇಳಿದೆ. ನೀವು ಜೋಳ ಬಿತ್ತಿದ್ದಿರಾ? ಪತ್ರಾಸಿನ ಶೆಡ್ಡಿನ ಕೆಳಗೆ ನಾಲ್ಕು ಮಗ್ಗ ಖಟಕ್ ಖಟಕ್ ಅನ್ನುತ್ತಿದ್ದವು. ಮಗ್ಗದ ಮೀಟರಿನ ಹೆಸ್ಕಾಂ ಬಿಲ್ಲೇ ನಿಮ್ಮ ವಿರುದ್ಧ ಸಾಕ್ಷಿ ಹೇಳುತ್ತದೆ. ಈ ವಾದ ಬಿಟ್ಟುಬಿಡಿ, ಇದರಿಂದ ಉಳಿದ ಒಳ್ಳೆಯ ವಾದಗಳ ಮರ್ಯಾದೆಯೂ ಹೋಗುತ್ತದೆ. ಅದರ ಬದಲು ಲಿಲಾವಿನ ನೋಟಿಸಿನಲ್ಲಿರುವ ಚಕ್ಕುಬಂದಿ ಓದಿ. ಮನೆಯ ಸಿಟಿ ಸರ್ವೆ ನಂಬರು, ಶೆಡ್ಡಿನ ಸರ್ವೆ ನಂಬರು ಎರಡೂ ಇವೆಯೇ? ಒತ್ತೆ ಪತ್ರದಲ್ಲಿ ಎಷ್ಟು ಗುಂಟೆ, ನೋಟಿಸಿನಲ್ಲಿ ಎಷ್ಟು ಗುಂಟೆ? ಒತ್ತೆ ಇಡದ ಜಾಗ ಲಿಲಾವಿನಲ್ಲಿ ಸೇರಿದ್ದನ್ನು ನಾನು ಎರಡು ಸಲ ನೋಡಿದ್ದೇನೆ.

ನಿಮಗೆ ಸಾಲ ಕೊಟ್ಟದ್ದು ಬ್ಯಾಂಕೇ ಅಂತ ಖಾತ್ರಿ ಮಾಡಿಕೊಳ್ಳಿ ಅಂತಲೂ ಹೇಳಬೇಕು. ನಮ್ಮ ಕಡೆ ಓಣಿಗೊಂದು ಪತ್ತಿನ ಸಹಕಾರಿ ಸಂಘ, ಸೌಹಾರ್ದ ಸಹಕಾರಿ ಇವೆ, ಜನ ಎಲ್ಲವನ್ನೂ 'ಬ್ಯಾಂಕು' ಅನ್ನುತ್ತಾರೆ. ಸಹಕಾರಿ ಬ್ಯಾಂಕುಗಳಿಗೆ ಸರ್ಫೇಸಿ ಅನ್ವಯಿಸುತ್ತದೆ ಅಂತ 2020ರ ಮೇನಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಹೇಳಿದೆ. ಬ್ಯಾಂಕಿಂಗ್ ಲೈಸೆನ್ಸ್ ಇಲ್ಲದ ಸಂಘಗಳ ವಸೂಲಿ ಸಹಕಾರಿ ಕಾಯ್ದೆಯ ಕೆಳಗೆ ನಡೆಯುತ್ತದೆ. ಅಲ್ಲಿ ದಾರಿಯೇ ಬೇರೆ, ಡಿಆರ್‌ಟಿಗೆ ಕೆಲಸವಿಲ್ಲ.

ಸದ್ಯ ಮನೆಯಲ್ಲಿ ನೀವೇ ಇದ್ದೀರಿ. ಲಿಲಾವು ಹಿಡಿದವರು ಆಳು ಕರೆದುಕೊಂಡು ಬಂದು ಬೀಗ ಹಾಕುವಂತಿಲ್ಲ. ನೀವಾಗಿ ಬಿಡದಿದ್ದರೆ ಬ್ಯಾಂಕು 14ನೇ ಕಲಮಿನಲ್ಲಿ ಜಿಲ್ಲಾಧಿಕಾರಿಯವರಿಂದಲೋ ಮುಖ್ಯ ನ್ಯಾಯಿಕ ಮ್ಯಾಜಿಸ್ಟ್ರೇಟರಿಂದಲೋ ಆದೇಶ ತರಬೇಕು. ಅಲ್ಲಿ ನಿಮ್ಮ ತಕರಾರಿನ ವಿಚಾರಣೆ ಆಗುವುದಿಲ್ಲ, ಕಾಗದ ಸರಿ ಇದ್ದರೆ ಆದೇಶ ಹೊರಡುತ್ತದೆ. ಆದ್ದರಿಂದ ಬಾಗಲಕೋಟೆ ನವನಗರದ ಜಿಲ್ಲಾಡಳಿತ ಭವನಕ್ಕೆ ಅಲೆಯುವ ಬದಲು ಡಿಆರ್‌ಟಿ ಅರ್ಜಿಗೆ ಓಡಾಡಿ. ಮಗ್ಗಗಳು ಸಾಲಕ್ಕೆ ಅಡವಾಗಿದ್ದವೋ, ಬರೀ ಜಾಗವೋ, ಕರಾರು ಪತ್ರ ನೋಡಿ. ಮಗ್ಗ ಲಿಲಾವಿನ ನೋಟಿಸಿನಲ್ಲಿ ಇಲ್ಲದಿದ್ದರೆ ಅವು ನಿಮ್ಮವು. ಬ್ಯಾಂಕಿಗೆ ಈಗಲೇ ಹಾಗಂತ ಬರೆದು, ಫೋಟೊ ತೆಗೆದಿಡಿ.

ಏನೂ ಆಗಲಿಲ್ಲ, ಮಾರಾಟ ಖಾಯಂ ಆಯಿತು ಅಂದುಕೊಳ್ಳೋಣ. ಆಗಲೂ 40,50,000ದಲ್ಲಿ 36 ಲಕ್ಷ ಬಾಕಿ, ಲಿಲಾವಿನ ಖರ್ಚು ಕಳೆದು ಉಳಿದದ್ದು ನಿಮ್ಮ ಮನೆತನದ ಹಣ. 13(7)ನೇ ಕಲಮು ಅದನ್ನು ವಾಪಸ್ ಕೊಡಬೇಕು ಅನ್ನುತ್ತದೆ. ಕೇಳದೆ ಬರುವುದಿಲ್ಲ, ಖರ್ಚಿನ ಪಟ್ಟಿ ಸಮೇತ ಲೆಕ್ಕ ಕೇಳಿ. ಅದಕ್ಕೆ ತಂದೆಯವರ ವಾರಸಾ ಪ್ರಮಾಣಪತ್ರ ಬೇಕಾಗುತ್ತದೆ, ಈಗಲೇ ಅರ್ಜಿ ಹಾಕಿ.

ಬೆಂಗಳೂರಿನ ವಕೀಲರಿಗೆ ಕಾಗದ ಕಳಿಸುವಾಗ ನೋಟಿಸಿನ ಜೊತೆ ಲಕೋಟೆಗಳ ಎರಡೂ ಬದಿ ಝೆರಾಕ್ಸ್ ಮಾಡಿಸಿ. ಜೂನ್ 12ರ ಪತ್ರಿಕೆಯ ಬರೀ ತುಂಡು ಕತ್ತರಿಸಬೇಡಿ, ತಾರೀಖು ಮತ್ತು ಆವೃತ್ತಿ ಕಾಣುವಂತೆ ಇಡೀ ಪುಟ ಇರಲಿ. ಮೂಲ ಪ್ರತಿಗಳು ಮನೆಯ ಟ್ರಂಕಿನಲ್ಲೇ ಇರಲಿ, ಯಾರ ಕೈಗೂ ಕೊಡಬೇಡಿ, ನನ್ನ ಕೈಗೂ.